ಕಲ್ಪನಾ (ನಟಿ)

ಕಲ್ಪನಾ (18 ಜುಲೈ 1943 – 12 ಮೇ 1979) ಕನ್ನಡ ಚಲನಚಿತ್ರರಂಗದ ಹೆಸರಾಂತ ಅಭಿನೇತ್ರಿ. ಅವರ ಮೂಲ ಹೆಸರು ಶರತ್‌ಲತಾ. ಅಭಿಮಾನಿಗಳು ಪ್ರೀತಿಯಿಂದ ನೀಡಿದ ಮಿನುಗುತಾರೆ ಎಂಬ ಬಿರುದು ಇಂದಿಗೂ ಅವರ ಹೆಸರಿನೊಡನೆ ಉಳಿದಿದೆ. ಅತ್ಯುತ್ತಮ ನಟಿಗೆ ಸಲ್ಲುವ ರಾಜ್ಯ ಪ್ರಶಸ್ತಿಯನ್ನು ಅವರು ಮೂರು ಬಾರಿ ಪಡೆದರು. ವೃತ್ತಿರಂಗಭೂಮಿಯ ಪ್ರವಾಸದಲ್ಲಿದ್ದಾಗ ಬೆಳಗಾವಿ ಜಿಲ್ಲೆಯ ಸಂಕೇಶ್ವರದ ಬಳಿಯ ಗೋಟೂರಿನಲ್ಲಿ ನಿಧನರಾದರು. ಆಗ ಅವರಿಗೆ ಇನ್ನೂ 36 ತುಂಬಿರಲಿಲ್ಲ.

ಆರಂಭದ ವರ್ಷಗಳು

ಕಲ್ಪನಾ ದಕ್ಷಿಣ ಕನ್ನಡ ಮೂಲದವರು. ಹಾಸ್ಯನಟ ನರಸಿಂಹರಾಜು ಅವರ ನೆರವಿನಿಂದ ಬಿ. ಆರ್. ಪಂತುಲು ಅವರ ಪರಿಚಯವಾಗಿ, 1963ರ ಸಾಕು ಮಗಳು ಚಿತ್ರದ ಮೂಲಕ ಬೆಳ್ಳಿತೆರೆಗೆ ಬಂದರು. ಮರುವರ್ಷ ಎನ್. ಲಕ್ಷ್ಮೀನಾರಾಯಣ್ ನಿರ್ದೇಶನದ ನಾಂದಿ ಚಿತ್ರದಲ್ಲಿ ರಾಜ್‌ಕುಮಾರ್ ಅವರೊಡನೆ ನಟಿಸಿದರು. ಕಥಾನಾಯಕನ ಮೊದಲ ಪತ್ನಿಯಾಗಿ ಅವರು ತೆರೆಯ ಮೇಲಿರುವ ಅವಧಿ ಕಡಿಮೆ. ಆದರೂ ಆ ಮೃದುವಾದ ಪಾತ್ರ ಪ್ರೇಕ್ಷಕರ ನೆನಪಿನಲ್ಲಿ ನಿಂತಿತು.

ತ್ರಿವೇಣಿಯವರ ನಾಯಕಿಯರು

ಕಲ್ಪನಾ ಅವರ ವೃತ್ತಿಜೀವನಕ್ಕೆ ನಿಜವಾದ ತಿರುವು ದೊರೆತದ್ದು ಕನ್ನಡ ಕಾದಂಬರಿಗಳಿಂದ, ಅದರಲ್ಲೂ ಮಹಿಳೆಯರು ಬರೆದ ಕಾದಂಬರಿಗಳಿಂದ. ಅವರಿಗೆ ರಾಜ್ಯ ಪ್ರಶಸ್ತಿ ತಂದುಕೊಟ್ಟ ಬೆಳ್ಳಿಮೋಡ, ಹಣ್ಣೆಲೆ ಚಿಗುರಿದಾಗ ಮತ್ತು ಶರಪಂಜರ ಮೂರೂ ತ್ರಿವೇಣಿಯವರ ಕೃತಿಗಳನ್ನು ಆಧರಿಸಿದವು. 1963ರಲ್ಲಿಯೇ ತೀರಿಕೊಂಡ ತ್ರಿವೇಣಿ ಇವುಗಳಲ್ಲಿ ಒಂದನ್ನೂ ತೆರೆಯ ಮೇಲೆ ನೋಡಲಿಲ್ಲ.

ಬೆಳ್ಳಿಮೋಡ (1967) ಪುಟ್ಟಣ್ಣ ಕಣಗಾಲ್ ಕನ್ನಡದಲ್ಲಿ ನಿರ್ದೇಶಿಸಿದ ಮೊದಲ ಚಿತ್ರ. ಮಲೆನಾಡಿನ ಶ್ರೀಮಂತನ ಏಕೈಕ ಪುತ್ರಿ ಇಂದಿರೆಯನ್ನು ವರಿಸಲು ಒಪ್ಪಿದ್ದ ಮೋಹನ, ಮನೆಗೆ ಗಂಡು ಸಂತಾನವಾಗಿ ಆಸ್ತಿ ತನ್ನ ಕೈತಪ್ಪುವುದೆಂದು ತಿಳಿದೊಡನೆ ಹಿಂದೆ ಸರಿಯುತ್ತಾನೆ. ಮುಂದೆ ಪಶ್ಚಾತ್ತಾಪಪಟ್ಟು ಮರಳಿ ಬಂದವನನ್ನು ಇಂದಿರೆ ಒಪ್ಪುವುದಿಲ್ಲ. ನಾಯಕಿಯ ಈ ನಿರಾಕರಣೆ ಆ ಕಾಲದ ಕನ್ನಡ ಚಿತ್ರಗಳಲ್ಲಿ ಅಪರೂಪದ ಸಂಗತಿಯಾಗಿತ್ತು. ಎಂ. ಆರ್. ವಿಠ್ಠಲ್ ನಿರ್ದೇಶನದ ಹಣ್ಣೆಲೆ ಚಿಗುರಿದಾಗ (1968) ವಿಧವಾ ವಿವಾಹವನ್ನು ಕುರಿತದ್ದು. ಇಲ್ಲಿ ಅವರದು ತರುಣ ವಿಧವೆಯ ಪಾತ್ರ.

ಎಂ. ಕೆ. ಇಂದಿರಾ ಅವರ ಕಾದಂಬರಿಯನ್ನು ಆಧರಿಸಿದ ಗೆಜ್ಜೆಪೂಜೆ (1969) ಅತ್ಯುತ್ತಮ ಕನ್ನಡ ಚಿತ್ರವೆಂಬ ರಾಷ್ಟ್ರಪ್ರಶಸ್ತಿ ಗಳಿಸಿತು. ವೇಶ್ಯಾವೃತ್ತಿಯ ಮನೆಯಲ್ಲಿ ಹುಟ್ಟಿ, ಓದು ಮತ್ತು ಗೃಹಿಣಿಯ ಬದುಕನ್ನು ಬಯಸುವ ಚಂದ್ರಾ ಇದರ ನಾಯಕಿ. ದೇವದಾಸಿ ಪದ್ಧತಿ ಬೇರೂರಿದ್ದ ಬೆಳಗಾವಿ ಜಿಲ್ಲೆಯ ಪ್ರೇಕ್ಷಕರಿಗೆ ಈ ಕಥೆ ದೂರದ್ದಾಗಿರಲಿಲ್ಲ. ಸವದತ್ತಿಯಲ್ಲಿಯೂ ಅಥಣಿ ತಾಲ್ಲೂಕಿನ ಕೊಕಟನೂರಿನಲ್ಲಿಯೂ ಯಲ್ಲಮ್ಮನ ಕ್ಷೇತ್ರಗಳಿವೆ. ಈ ಪದ್ಧತಿಯನ್ನು ನಿಷೇಧಿಸುವ ಕರ್ನಾಟಕದ ಕಾಯಿದೆ ರೂಪುಗೊಂಡದ್ದು 1982ರಲ್ಲಿ, ಕಲ್ಪನಾ ಗತಿಸಿದ ಮೂರು ವರ್ಷಗಳ ಬಳಿಕ.

ಶರಪಂಜರ

ಕಲ್ಪನಾ ಅವರ ಶ್ರೇಷ್ಠ ಅಭಿನಯ ಯಾವುದೆಂಬ ಪ್ರಶ್ನೆಗೆ ಬಹುತೇಕ ವಿಮರ್ಶಕರು ಸೂಚಿಸುವುದು ಪುಟ್ಟಣ್ಣನವರ ಶರಪಂಜರದ ಕಾವೇರಿಯನ್ನು. ಸುಖವಾಗಿ ಸಂಸಾರ ನಡೆಸುತ್ತಿದ್ದ ಕಾವೇರಿ ಹೆರಿಗೆಯ ನಂತರ ಮಾನಸಿಕ ಅಸ್ವಸ್ಥತೆಗೆ ಒಳಗಾಗುತ್ತಾಳೆ. ಚಿಕಿತ್ಸೆಯಿಂದ ಗುಣಮುಖಳಾಗಿ ಮನೆಗೆ ಮರಳುತ್ತಾಳೆ. ಆದರೆ ಪತಿಗೂ ನೆರೆಹೊರೆಗೂ ಅವಳು ಹುಚ್ಚಿಯಾಗಿಯೇ ಉಳಿಯುತ್ತಾಳೆ. ಅವಳು ನಕ್ಕರೂ ಸಂಶಯ, ಸುಮ್ಮನಿದ್ದರೂ ಸಂಶಯ. ಪತಿಯ ಪರಸ್ತ್ರೀ ಸಂಬಂಧ ತಿಳಿದಾಗ ಅವಳ ಮನಸ್ಸು ಮತ್ತೆ ಮುರಿಯುತ್ತದೆ. ಕೊನೆಯ ಭಾಗದ ಉನ್ಮಾದದ ದೃಶ್ಯಗಳೇ ಹೆಚ್ಚು ಪ್ರಸಿದ್ಧವಾಗಿದ್ದರೂ, ತಾನು ಸ್ವಸ್ಥಳೆಂದು ಪ್ರತಿ ಕ್ಷಣವೂ ರುಜುವಾತುಪಡಿಸಬೇಕಾದ ಹೆಣ್ಣಿನ ಆಯಾಸವನ್ನು ತೋರುವ ನಡುವಿನ ದೃಶ್ಯಗಳು ಅವುಗಳಿಗಿಂತ ಸೂಕ್ಷ್ಮವಾಗಿವೆ. ಈ ಚಿತ್ರಕ್ಕೂ ಅತ್ಯುತ್ತಮ ಕನ್ನಡ ಚಿತ್ರವೆಂಬ ರಾಷ್ಟ್ರಪ್ರಶಸ್ತಿ ಸಂದಿತು.

ನಂತರದ ಚಿತ್ರಗಳು

ಗಂಧದ ಗುಡಿ (1973), ಎರಡು ಕನಸು (1974) ಮತ್ತು ಬಯಲುದಾರಿ (1976) ಅವರ ನಂತರದ ಮುಖ್ಯ ಚಿತ್ರಗಳು. ಎರಡು ಕನಸು ಚಿತ್ರದಲ್ಲಿ ಪತಿಯ ಅನಾದರವನ್ನು ಸಹಿಸುವ ಗೌರಿಯ ಪಾತ್ರ ಬಹಳ ಜನಪ್ರಿಯವಾಯಿತು. ತುಳು, ತಮಿಳು ಚಿತ್ರಗಳಲ್ಲಿಯೂ ನಟಿಸಿದರು. ಅವರ ಸೀರೆ, ರವಿಕೆ, ಬಳೆ, ಕೇಶಾಲಂಕಾರಗಳನ್ನು ಅಂದಿನ ತರುಣಿಯರು ಅನುಕರಿಸುತ್ತಿದ್ದರು. ಏರಿಳಿತಗಳಿಂದ ಕೂಡಿದ ಸಂಭಾಷಣೆಯ ಧಾಟಿಯನ್ನು ಮೆಚ್ಚಿದವರಿರುವಂತೆ, ಅದು ಬರಬರುತ್ತಾ ಅತಿಯಾಯಿತೆಂದು ಆಕ್ಷೇಪಿಸಿದವರೂ ಇದ್ದಾರೆ. ಈ ಆಕ್ಷೇಪದಲ್ಲಿ ಹುರುಳಿಲ್ಲದಿಲ್ಲ. ಬೆಳ್ಳಿಮೋಡದ ಸಂಯಮ ಕೊನೆಯ ವರ್ಷಗಳ ಕೆಲವು ಚಿತ್ರಗಳಲ್ಲಿ ಕಾಣುವುದಿಲ್ಲ. ಅಷ್ಟರಲ್ಲಿ ಪುಟ್ಟಣ್ಣನವರ ಚಿತ್ರಗಳ ಮುಖ್ಯ ಪಾತ್ರಗಳು ಜಯಂತಿ, ಆರತಿ ಮೊದಲಾದವರ ಪಾಲಾಗಿದ್ದವು.

ರಂಗಭೂಮಿ ಮತ್ತು ಮರಣ

ಚಿತ್ರಗಳಲ್ಲಿ ಅವಕಾಶಗಳು ಕುಗ್ಗಿದಾಗ ಕಲ್ಪನಾ ಗುಡಗೇರಿ ಬಸವರಾಜ್ ಅವರ ನಾಟಕ ಕಂಪನಿಯನ್ನು ಸೇರಿದರು. ಉತ್ತರ ಕರ್ನಾಟಕದಲ್ಲಿ ವೃತ್ತಿ ಕಂಪನಿಗಳು ಜಾತ್ರೆಗಳನ್ನು ಅನುಸರಿಸಿ ಊರಿಂದೂರಿಗೆ ಮೊಕ್ಕಾಂ ಬದಲಿಸುತ್ತಿದ್ದವು. ಚಿಕ್ಕೋಡಿ, ನಿಪ್ಪಾಣಿ, ರಾಯಬಾಗ, ಅಥಣಿ, ಕಾಗವಾಡಗಳನ್ನೊಳಗೊಂಡ ಗಡಿಸೀಮೆ ಕನ್ನಡದ ಕಂಪನಿ ನಾಟಕವನ್ನೂ ಮರಾಠಿ ಸಂಗೀತ ನಾಟಕವನ್ನೂ ಬಲ್ಲ ಪ್ರದೇಶ. ನಿಪ್ಪಾಣಿ, ಚಿಕ್ಕೋಡಿಗಳ ದಕ್ಷಿಣಕ್ಕೆ, ಪುಣೆ–ಬೆಂಗಳೂರು ಹೆದ್ದಾರಿಯ ಮೇಲಿರುವ ಸಂಕೇಶ್ವರದಲ್ಲಿ ಕಂಪನಿ ಬೀಡುಬಿಟ್ಟಿದ್ದಾಗ ಅವರು ಗೋಟೂರಿನ ಪ್ರವಾಸಿ ಮಂದಿರದಲ್ಲಿ ತಂಗಿದ್ದರು. 1979ರ ಮೇ 12ರಂದು ಅಲ್ಲಿಯೇ ಕೊನೆಯುಸಿರೆಳೆದರು.

ಅದು ಆತ್ಮಹತ್ಯೆಯೆಂಬುದು ಸಾಮಾನ್ಯವಾಗಿ ಒಪ್ಪಿತವಾದ ಮಾತು. ಆ ರಾತ್ರಿಯ ಸುತ್ತ ಹಬ್ಬಿದ ಕಥೆಗಳು ಅನೇಕ. ಅವುಗಳ ಗದ್ದಲದಲ್ಲಿ ಅವರ ಹದಿನಾರು ವರ್ಷಗಳ ದುಡಿಮೆ ಮರೆಯಾದದ್ದೂ ಉಂಟು. ಶರಪಂಜರದ ಕಾವೇರಿಯನ್ನೂ ನಟಿಯ ಬದುಕನ್ನೂ ಒಂದೆಂದು ಓದುವ ರೂಢಿ ಆಗಲೇ ಬೆಳೆಯಿತು. ಕಾವೇರಿ ತ್ರಿವೇಣಿಯವರ ಸೃಷ್ಟಿ. ಅವಳಿಗೆ ಮುಖ, ದನಿ ಕೊಟ್ಟದ್ದು ಕಲ್ಪನಾ ಅವರ ಕಲೆ. 2015ರಲ್ಲಿ ಪೂಜಾ ಗಾಂಧಿ ನಟಿಸಿದ ಅಭಿನೇತ್ರಿ ಚಿತ್ರ ತೆರೆಕಂಡಾಗ, ಅದು ಕಲ್ಪನಾ ಅವರ ಜೀವನದಿಂದ ಪ್ರೇರಿತವಾದುದೆಂಬ ಚರ್ಚೆ ನಡೆಯಿತು.