ಕತ್ತರಿ ಹಿಡಿದ ಮಾರ್ಗರೆಟ್ ಬೂತ್

1915ರ ಜೂನ್ ತಿಂಗಳಲ್ಲಿ ಅಮೆರಿಕದ ಲಾಸ್ ಏಂಜಲೀಸ್‌ನಲ್ಲಿ ಒಂದು ಕಾರು, ಕಬ್ಬಿಣದ ಹಳಿಗಳನ್ನು ಹೇರಿಕೊಂಡು ಹೋಗುತ್ತಿದ್ದ ರೈಲಿಗೆ ಡಿಕ್ಕಿ ಹೊಡೆಯಿತು. ಕಾರು ಓಡಿಸುತ್ತಿದ್ದವರು ಮುಂದೆ ಪ್ರಸಿದ್ಧ ನಿರ್ದೇಶಕರಾದ ಟಾಡ್ ಬ್ರೌನಿಂಗ್. ಅವರು ಗಾಯಗೊಂಡು ಬದುಕಿಕೊಂಡರು. ಜೊತೆಯಲ್ಲಿದ್ದ ಎಲ್ಮರ್ ಬೂತ್ ಎಂಬ ನಟ ಬದುಕಲಿಲ್ಲ. ಮೂಕಿ ಚಿತ್ರಗಳ ಆ ಕಾಲದಲ್ಲಿ ಎಲ್ಮರ್‌ಗೆ ಒಳ್ಳೆಯ ಹೆಸರಿತ್ತು. ಡಿ.ಡಬ್ಲ್ಯೂ. ಗ್ರಿಫಿತ್ ಅವರು 1912ರಲ್ಲಿ ತೆಗೆದ ಚಿತ್ರವೊಂದರಲ್ಲಿ ರೌಡಿಯ ಪಾತ್ರ ಮಾಡಿ ಜನರ ಮೆಚ್ಚುಗೆ ಪಡೆದಿದ್ದರು. ಮನೆ ನಡೆಯುತ್ತಿದ್ದುದು ಅವರ ದುಡಿಮೆಯಿಂದ. ಅವರ ತಂಗಿ ಮಾರ್ಗರೆಟ್‌ಗೆ ಆಗ 17 ವರ್ಷ.

ನನಗೂ ಈಗ 17. ಇದನ್ನು ಓದಿದಾಗ ನಾನು ಪುಸ್ತಕ ಮುಚ್ಚಿ ಸ್ವಲ್ಪ ಹೊತ್ತು ಸುಮ್ಮನೆ ಕುಳಿತೆ. ನಾವು ಪರೀಕ್ಷೆಯ ಚಿಂತೆ ಮಾಡುವ ವಯಸ್ಸಿನಲ್ಲಿ ಅವರ ಮನೆಯಲ್ಲಿ ಸಂಬಳ ನಿಂತುಹೋಗಿತ್ತು. ಓದು ಹೈಸ್ಕೂಲಿಗೇ ಮುಗಿಯಿತು. ಎಲ್ಮರ್ ಅವರನ್ನು ಬಲ್ಲ ಗ್ರಿಫಿತ್ ಆ ಹುಡುಗಿಗೆ ತಮ್ಮಲ್ಲಿ ಕೆಲಸ ಕೊಟ್ಟರು. ನಟನೆಯ ಕೆಲಸವಲ್ಲ, ಫಿಲ್ಮ್ ತುಂಡುಗಳನ್ನು ಒಂದಕ್ಕೊಂದು ಅಂಟಿಸುವ ಕೆಲಸ.

ಮೊಬೈಲಿನಲ್ಲಿ ವಿಡಿಯೋ ಎಡಿಟ್ ಮಾಡುವ ನಮಗೆ ಆ ಕೆಲಸ ಹೇಗಿತ್ತೆಂದು ಸುಲಭವಾಗಿ ತಿಳಿಯುವುದಿಲ್ಲ. ಫಿಲ್ಮ್ ಎಂದರೆ ಉದ್ದನೆಯ ಪಟ್ಟಿ. ಒಂದು ಅಡಿ ಪಟ್ಟಿಯಲ್ಲಿ 16 ಚಿಕ್ಕ ಚಿತ್ರಗಳಿರುತ್ತವೆ. ಮುಂದೆ ಮಾತು ಬಂದ ಮೇಲೆ ಒಂದು ಸೆಕೆಂಡಿಗೆ 24 ಚಿತ್ರ ಓಡಬೇಕು ಎಂದು ನಿಗದಿಯಾಯಿತು. ನಾವು ಕಾಮರ್ಸ್‌ನವರು, ಆದ್ದರಿಂದ ಲೆಕ್ಕ ಹಾಕಿ ನೋಡಿದೆ: ಎರಡು ಗಂಟೆಯ ಸಿನಿಮಾಕ್ಕೆ 10,800 ಅಡಿ ಫಿಲ್ಮ್, 1,72,800 ಚಿತ್ರಗಳು. ಚಿತ್ರೀಕರಿಸಿದ್ದು ಅದಕ್ಕಿಂತ ಎಷ್ಟೋ ಪಟ್ಟು ಹೆಚ್ಚು ಇರುತ್ತದೆ. ಮಾರ್ಗರೆಟ್ ಕೆಲಸಕ್ಕೆ ಸೇರಿದಾಗ ಪಟ್ಟಿಯ ಅಂಚಿನಲ್ಲಿ ನಂಬರ್ ಕೂಡ ಇರಲಿಲ್ಲ. ನಟಿಯ ಕೈ ಎಷ್ಟು ಮೇಲೆ ಹೋಗಿದೆ, ಕಣ್ಣು ಎಷ್ಟು ತೆರೆದಿದೆ ಎಂಬ ಸಣ್ಣ ವ್ಯತ್ಯಾಸವನ್ನು ಬೆಳಕಿಗೆ ಹಿಡಿದು ನೋಡಿ ಜೋಡಿಸಬೇಕಿತ್ತು. ಆಗ ಈ ಕೆಲಸದಲ್ಲಿ ತುಂಬಾ ಹೆಣ್ಣುಮಕ್ಕಳಿದ್ದರು. ಕತ್ತರಿಸುವುದು, ಜೋಡಿಸುವುದು ಹೊಲಿಗೆಯಂತಹ ಕೆಲಸ, ಹೆಂಗಸರು ಮಾಡಲಿ ಎಂದು ಗಂಡಸರು ಬಿಟ್ಟುಕೊಟ್ಟಿದ್ದರಂತೆ.

ಕೆಲವು ವರ್ಷಗಳ ನಂತರ ಮಾರ್ಗರೆಟ್ ಲೂಯಿ ಬಿ. ಮೇಯರ್ ಅವರ ಸ್ಟುಡಿಯೋ ಸೇರಿದರು. ಅಲ್ಲಿ ಜಾನ್ ಸ್ಟಾಲ್ ಎಂಬ ನಿರ್ದೇಶಕರು ಒಂದೇ ದೃಶ್ಯವನ್ನು ಮತ್ತೆ ಮತ್ತೆ ಚಿತ್ರೀಕರಿಸುತ್ತಿದ್ದರು. ತಮ್ಮ ಚಿತ್ರಗಳನ್ನು ತಾವೇ ಕತ್ತರಿಸುತ್ತಿದ್ದರು. ಮಾರ್ಗರೆಟ್ ಪಕ್ಕದಲ್ಲಿ ನಿಂತು ನೋಡುತ್ತಿದ್ದರು. ರಾತ್ರಿ ಎಲ್ಲರೂ ಮನೆಗೆ ಹೋದ ಮೇಲೆ ಸ್ಟಾಲ್ ಬೇಡವೆಂದು ಬಿಟ್ಟ ತುಂಡುಗಳನ್ನು ಆರಿಸಿಕೊಂಡು, ಅದೇ ದೃಶ್ಯವನ್ನು ತಾವೇ ಜೋಡಿಸಿ ನೋಡುತ್ತಿದ್ದರು. ಯಾರೂ ಹೇಳಿದ ಕೆಲಸವಲ್ಲ, ಅದಕ್ಕೆ ಸಂಬಳವೂ ಇಲ್ಲ. ಒಂದು ದಿನ ಸ್ಟಾಲ್‌ಗೆ ಒಂದು ದೃಶ್ಯ ಎಷ್ಟು ಮಾಡಿದರೂ ಸರಿಬರಲಿಲ್ಲ. ಆಗ ಈ ಹುಡುಗಿ ಜೋಡಿಸಿದ್ದನ್ನು ನೋಡಿದರು. ಹಾಗೆಯೇ ಚಿತ್ರಕ್ಕೆ ಸೇರಿಸಿಕೊಂಡರು.

ನಮ್ಮ ಅಮ್ಮಿ ಮನೆಯಲ್ಲಿ ಬಟ್ಟೆ ಹೊಲಿಯುತ್ತಾರೆ. ಕತ್ತರಿಸಿ ಉಳಿದ ತುಂಡುಗಳಿಗೆ ನಾವು ಕತ್ರನ್ ಅನ್ನುತ್ತೇವೆ. ಅಮ್ಮಿ ಅದನ್ನು ಎಸೆಯುವುದಿಲ್ಲ, ಒಂದು ಚೀಲದಲ್ಲಿ ತುಂಬಿಡುತ್ತಾರೆ. ನಾನು ಸೂಜಿ ಹಿಡಿಯಲು ಕಲಿತದ್ದು ಆ ಕತ್ರನ್ ಮೇಲೆಯೇ. ಗಿರಾಕಿಯ ಬಟ್ಟೆ ಕೈಗೆ ಬಂದದ್ದು ತುಂಬಾ ದಿನಗಳ ಮೇಲೆ. ಹೀಗಾಗಿ ಮಾರ್ಗರೆಟ್ ಮಾಡಿದ್ದು ನನಗೆ ತಕ್ಷಣ ಅರ್ಥವಾಯಿತು.

1924ರಲ್ಲಿ ಮೇಯರ್ ಅವರ ಕಂಪನಿ ಬೇರೆ ಎರಡು ಕಂಪನಿಗಳ ಜೊತೆ ಸೇರಿ ಎಂಜಿಎಂ ಆಯಿತು. ಮಾರ್ಗರೆಟ್ ಅಲ್ಲಿಯೇ ಉಳಿದರು. ಅಲ್ಲಿನ ನಿರ್ಮಾಣದ ಮುಖ್ಯಸ್ಥ ಇರ್ವಿಂಗ್ ಥಾಲ್‌ಬರ್ಗ್ ವಯಸ್ಸಿನಲ್ಲಿ ಅವರಿಗಿಂತ ಚಿಕ್ಕವರು, ಆದರೆ ಕೆಲಸ ಬಲ್ಲವರು. ಅದುವರೆಗೆ ಈ ಕೆಲಸದವರನ್ನು ‘ಕಟರ್’ ಎಂದು ಕರೆಯುತ್ತಿದ್ದರು. ‘ಫಿಲ್ಮ್ ಎಡಿಟರ್’ ಎಂಬ ಹೆಸರನ್ನು ಥಾಲ್‌ಬರ್ಗ್ ಮೊದಲು ಬಳಸಿದ್ದು ಮಾರ್ಗರೆಟ್ ಅವರಿಗಾಗಿ ಎನ್ನುತ್ತಾರೆ. ಗ್ರೆಟಾ ಗಾರ್ಬೋ ನಟಿಸಿದ ‘ಕಮೀಲ್’, ಷೇಕ್ಸ್‌ಪಿಯರ್‌ನ ‘ರೋಮಿಯೋ ಅಂಡ್ ಜೂಲಿಯೆಟ್’ ಎಡಿಟ್ ಮಾಡಿದ್ದು ಇವರೇ. 1935ರ ‘ಮ್ಯೂಟಿನಿ ಆನ್ ದಿ ಬೌಂಟಿ’ಗೆ ಆಸ್ಕರ್ ನಾಮನಿರ್ದೇಶನ ಸಿಕ್ಕಿತು. ಆ ವರ್ಷ ಅತ್ಯುತ್ತಮ ಚಿತ್ರ ಎಂಬ ಪ್ರಶಸ್ತಿ ಬೌಂಟಿಗೇ ಬಂತು. ಎಡಿಟಿಂಗ್ ಪ್ರಶಸ್ತಿ ಮಾತ್ರ ಬೇರೆಯವರ ಪಾಲಾಯಿತು.

1930ರ ದಶಕದ ಕೊನೆಯಲ್ಲಿ ಅವರು ಎಂಜಿಎಂನ ಮೇಲ್ವಿಚಾರಕ ಎಡಿಟರ್ ಆದರು. 1968ರವರೆಗೆ ಆ ಸ್ಥಾನದಲ್ಲಿದ್ದರು. ಅಂದರೆ ಸುಮಾರು 30 ವರ್ಷ ಆ ದೊಡ್ಡ ಸ್ಟುಡಿಯೋದ ಚಿತ್ರಗಳು ಅವರ ಕಣ್ಣು ದಾಟಿಯೇ ಹೊರಗೆ ಹೋದವು. ಪರದೆಯ ಮೇಲೆ ಹೆಸರು ಬರುತ್ತಿದ್ದುದು ಬೇರೆ ಎಡಿಟರ್‌ಗಳದ್ದು. ಕತ್ತಲೆ ಕೋಣೆಯಲ್ಲಿ ಕುಳಿತು ಇದು ಇರಲಿ, ಇದು ಹೋಗಲಿ ಎಂದು ಹೇಳುತ್ತಿದ್ದುದು ಇವರು. ದೊಡ್ಡ ದೊಡ್ಡ ನಿರ್ದೇಶಕರೂ ಅವರಿಗೆ ಹೆದರುತ್ತಿದ್ದರು.

ಹೆದರಲು ಕಾರಣವೂ ಇತ್ತು. 1951ರಲ್ಲಿ ಜಾನ್ ಹ್ಯೂಸ್ಟನ್ ‘ದಿ ರೆಡ್ ಬ್ಯಾಡ್ಜ್ ಆಫ್ ಕರೇಜ್’ ಎಂಬ ಯುದ್ಧದ ಚಿತ್ರ ಮಾಡಿದರು. ಮೊದಲು ತೋರಿಸಿದಾಗ ಪ್ರೇಕ್ಷಕರಿಗೆ ಹಿಡಿಸಲಿಲ್ಲ. ಹ್ಯೂಸ್ಟನ್ ಮುಂದಿನ ಚಿತ್ರಕ್ಕಾಗಿ ಆಫ್ರಿಕಾಕ್ಕೆ ಹೊರಟುಹೋದರು. ಇತ್ತ ಸ್ಟುಡಿಯೋದವರು ಚಿತ್ರವನ್ನು ಕತ್ತರಿಸಿ ಕತ್ತರಿಸಿ 69 ನಿಮಿಷಕ್ಕೆ ಇಳಿಸಿದರು. ತೀರ್ಮಾನ ಮೇಲಿನವರದ್ದು, ಆದರೆ ಆ ಕೆಲಸದಲ್ಲಿ ಮಾರ್ಗರೆಟ್ ಇದ್ದರು. ಕತ್ತರಿಸಿದ ಭಾಗ ಮತ್ತೆ ಸಿಗಲಿಲ್ಲ. ಬೇರೆಯವರು ಬಿಟ್ಟ ತುಂಡುಗಳನ್ನು ರಾತ್ರಿಯೆಲ್ಲಾ ಜೋಪಾನ ಮಾಡಿದ್ದ ಹುಡುಗಿಯೇ ಇವರಾ ಎಂದು ನನಗೆ ಬೇಸರವಾಯಿತು. ಅವರು ಸಂಬಳ ತೆಗೆದುಕೊಳ್ಳುತ್ತಿದ್ದುದು ಕಂಪನಿಯಿಂದ, ಕಂಪನಿಯ ಕೆಲಸ ಮಾಡಿದರು ಎಂದು ಹೇಳಬಹುದು. ಅಣ್ಣ ಸತ್ತ ದಿನದಿಂದ ಸಂಬಳದ ಬೆಲೆ ಅವರಿಗೆ ಗೊತ್ತಿತ್ತು. ಆದರೂ ನನ್ನ ಬೇಸರ ಪೂರ್ತಿ ಹೋಗಿಲ್ಲ.

ಎಂಜಿಎಂ ಬಿಟ್ಟಾಗ ಅವರಿಗೆ 70 ವರ್ಷ. ಮನೆಯಲ್ಲಿ ಕೂರಲಿಲ್ಲ. ರೇ ಸ್ಟಾರ್ಕ್ ಎಂಬ ನಿರ್ಮಾಪಕರ ಜೊತೆ ಸೇರಿ ‘ದಿ ವೇ ವಿ ವರ್’ ಮುಂತಾದ ಚಿತ್ರಗಳ ಎಡಿಟಿಂಗ್ ನೋಡಿಕೊಂಡರು. 1978ರಲ್ಲಿ ಅವರಿಗೆ ಗೌರವ ಆಸ್ಕರ್ ಕೊಟ್ಟರು. ಸ್ಪರ್ಧೆಯಲ್ಲಿ ಒಮ್ಮೆಯೂ ಗೆಲ್ಲದಿದ್ದವರ ಕೈಗೆ 80ನೇ ವಯಸ್ಸಿನಲ್ಲಿ ಆ ಪ್ರತಿಮೆ ಬಂತು.

1982ರಲ್ಲಿ ಸ್ಟಾರ್ಕ್ ‘ಆನಿ’ ಎಂಬ ಸಂಗೀತ ಚಿತ್ರ ನಿರ್ಮಿಸಿದರು. ಅನಾಥ ಹುಡುಗಿಯೊಬ್ಬಳ ಕಥೆ. ಮೇಲ್ವಿಚಾರಕ ಎಡಿಟರ್ ಎಂದು 84 ವರ್ಷದ ಮಾರ್ಗರೆಟ್ ಬೂತ್ ಹೆಸರು ಪರದೆಯ ಮೇಲೆ ಬಂತು. ನಿರ್ದೇಶಕರು ಅದೇ ಜಾನ್ ಹ್ಯೂಸ್ಟನ್. 31 ವರ್ಷಗಳ ಹಿಂದಿನ ಆ 69 ನಿಮಿಷದ ಚಿತ್ರ ಇಬ್ಬರಿಗೂ ನೆನಪಿಲ್ಲದೆ ಇರಲು ಸಾಧ್ಯವಿಲ್ಲ. ಆದರೂ ಒಂದೇ ಚಿತ್ರಕ್ಕೆ ಕೆಲಸ ಮಾಡಿದರು.

ಅವರು ತೀರಿಕೊಂಡದ್ದು 2002ರ ಅಕ್ಟೋಬರ್ 28ರಂದು, ಲಾಸ್ ಏಂಜಲೀಸ್‌ನಲ್ಲಿಯೇ. ನಾನು ಇನ್ನೂ ಹುಟ್ಟಿರಲಿಲ್ಲ. ಅವರಿಗೆ ಆಗ 104 ವರ್ಷ. ಅಣ್ಣ ಎಲ್ಮರ್ ಹೋಗಿ 87 ವರ್ಷ ಕಳೆದಿತ್ತು.