ವಾಕ್ಚಿತ್ರಕ್ಕೆ ಕನ್ನಡದ ಮಾತನ್ನಿತ್ತವರು

ಚಲಚ್ಚಿತ್ರವೆಂದೊಡನೆ ನಮ್ಮ ಜನರಿಗೆ ನೆನಪಾಗುವುದು ನಟನಟಿಯರ ಹೆಸರು. ಅವರ ಬಾಯಿಗೆ ಮಾತನ್ನಿತ್ತ ಲೇಖಕನಾರೆಂದು ವಿಚಾರಿಸುವವರು ವಿರಳ. ಕನ್ನಡದಲ್ಲಿ ಮೊದಲು ತೆರೆಕಂಡ ವಾಕ್ಚಿತ್ರವಾದ ‘ಸತಿ ಸುಲೋಚನಾ’ಕ್ಕೆ ಸಂಭಾಷಣೆಯನ್ನೂ ಹಾಡುಗಳನ್ನೂ ರಚಿಸಿದ ಬೆಳ್ಳಾವೆ ನರಹರಿಶಾಸ್ತ್ರಿಗಳನ್ನೂ ನಾವು ಹೀಗೆಯೇ ಮರೆತಿದ್ದೇವೆ.

೧೮೮೨ರಲ್ಲಿ ಜನಿಸಿದ ಶಾಸ್ತ್ರಿಗಳು ತುಮಕೂರು ಸೀಮೆಯ ಬೆಳ್ಳಾವೆಯವರು. ನಾಟಕ ಕಂಪೆನಿಗಳಿಗಾಗಿ ಬರೆಯುವುದರಲ್ಲಿಯೇ ಅವರ ಪ್ರತಿಭೆ ಪಳಗಿತು. ಗುಬ್ಬಿ ಕಂಪೆನಿಯು ಊರೂರುಗಳಲ್ಲಿ ಆಡಿ ಪ್ರಸಿದ್ಧಿಗೆ ತಂದ ‘ಸದಾರಮೆ’, ‘ಕೃಷ್ಣಲೀಲಾ’ ನಾಟಕಗಳು ಅವರವೇ. ಪಂಡಿತರು ತಲೆದೂಗುವಂತೆಯೂ ಪಾಮರರಿಗೆ ತಿಳಿಯುವಂತೆಯೂ ಬರೆಯುವ ಹದವು ಅವರಿಗೆ ಕೈಗೂಡಿದ್ದಿತು.

ಈ ಹದವೇ ಚಿತ್ರಕ್ಕೂ ಒದಗಿತು. ಇಂದ್ರಜಿತುವಿನ ಪತ್ನಿಯ ಕಥೆಯಾದ ‘ಸತಿ ಸುಲೋಚನಾ’ಕ್ಕೆ ಹಣ ಹೂಡಿದವರು ಮಾರವಾಡಿ ವರ್ತಕರಾದ ಚಮನ್‌ಲಾಲ್ ಡುಂಗಾಜಿ, ನಿರ್ದೇಶಿಸಿದವರು ಆಂಧ್ರರಾದ ವೈ. ವಿ. ರಾವ್, ಚಿತ್ರೀಕರಣ ನಡೆದುದು ಮರಾಠಿ ಸೀಮೆಯ ಕೊಲ್ಹಾಪುರದ ಛತ್ರಪತಿ ಸ್ಟುಡಿಯೋದಲ್ಲಿ. ತಗುಲಿದ ವೆಚ್ಚ ಸುಮಾರು ೪೦,೦೦೦ ರೂಪಾಯಿ. ಹೀಗಿರಲು ಆ ಚಿತ್ರವನ್ನು ಕನ್ನಡದ್ದನ್ನಾಗಿ ಮಾಡಿದುದು ಯಾವುದು? ಸುಬ್ಬಯ್ಯನಾಯ್ಡು, ತ್ರಿಪುರಾಂಬಾ, ನಾಗೇಂದ್ರರಾಯರೇ ಮೊದಲಾದ ನಟವರ್ಗ ಮತ್ತು ಶಾಸ್ತ್ರಿಗಳ ಮಾತು. ಹಿನ್ನೆಲೆ ಗಾಯನವಿನ್ನೂ ಬಾರದಿದ್ದ ಕಾಲವದು. ಪಾತ್ರಧಾರಿಗಳೇ ಧ್ವನಿಗ್ರಾಹಕದ ಮುಂದೆ ಹಾಡಬೇಕು. ನಾಲಗೆಗೆ ತೊಡಕಿಲ್ಲದ ಪದವನ್ನು ಹೊಂದಿಸುವ ಹೊಣೆ ಕವಿಯದು. ೧೯೩೪ನೆಯ ಮಾರ್ಚ್ ೩ರಂದು ಬೆಂಗಳೂರಿನ ತೆರೆಯ ಮೇಲೆ ಕನ್ನಡವು ಮಾತನಾಡಿತು.

ಪರರ ಸೂರಿನಡಿ ಕನ್ನಡವನ್ನು ಬಾಳಿಸಿದ ಕಥೆಯು ಭಾಲ್ಕಿಯವರಿಗೆ ಹೊಸತಲ್ಲ. ನಿಜಾಮರ ಆಡಳಿತದಲ್ಲಿ ಹೊರಗೆ ಉರ್ದು ಫಲಕವನ್ನು ತೂಗುಹಾಕಿ ಒಳಗೆ ಕನ್ನಡ ಕಲಿಸಿದ ಚನ್ನಬಸವ ಪಟ್ಟದ್ದೇವರ ಊರಿದು. ಅಕ್ಷರಕ್ಕೆ ಅವರು ಮಾಡಿದ ಸೇವೆಯಂಥದನ್ನೇ ಚಿತ್ರಕ್ಕೆ ಶಾಸ್ತ್ರಿಗಳು ಮಾಡಿದರು.

೧೯೬೧ರಲ್ಲಿ ಶಾಸ್ತ್ರಿಗಳು ಕಾಲವಾದರು. ‘ಸತಿ ಸುಲೋಚನಾ’ದ ಪ್ರತಿಯೊಂದೂ ಇಂದು ಉಳಿದಿಲ್ಲ, ನಾಡಿನ ಮೊದಲ ತೆರೆಮಾತನ್ನು ಕೇಳುವ ಭಾಗ್ಯವನ್ನು ನಾವು ಕಳೆದುಕೊಂಡೆವು. ಹಳೆಯ ರಂಗಕುಟುಂಬಗಳ ಪೆಟ್ಟಿಗೆಗಳಲ್ಲಿ ಹಸ್ತಪ್ರತಿಗಳೂ ಹಾಡಿನ ಪುಸ್ತಕಗಳೂ ಇದ್ದರೆ ಅವು ಗೆದ್ದಲಿನ ಪಾಲಾಗುವ ಮುನ್ನ ಗ್ರಂಥಭಂಡಾರಗಳನ್ನು ಸೇರಬೇಕು. ಸರಕಾರವೂ ಚಿತ್ರೋದ್ಯಮವೂ ಈ ಕಾರ್ಯಕ್ಕೆ ಕೈಹಾಕಲಿ. ವರ್ಷಕ್ಕೊಮ್ಮೆ ಮಾರ್ಚ್ ೩ನ್ನು ಆಚರಿಸಿದರೆ ಸಾಲದು. ಬರೆದವನ ಬರೆಹವನ್ನು ಉಳಿಸುವುದೇ ನಿಜವಾದ ಸ್ಮರಣೆಯೆಂದು ನಾವು ಭಾವಿಸುತ್ತೇವೆ.