ತಾತಗುಣಿಯ ತೋಟದೊಡತಿ ದೇವಿಕಾ ರಾಣಿ

ಬೆಂಗಳೂರಿನಿಂದ ಕನಕಪುರಕ್ಕೆ ಸಾಗುವ ರಸ್ತೆಯಲ್ಲಿ ತಾತಗುಣಿ ಎಂಬ ಊರಿದೆ. ಅಲ್ಲಿನ 468 ಎಕರೆ ವಿಸ್ತಾರದ ಎಸ್ಟೇಟಿನಲ್ಲಿ ರಷ್ಯಾದ ಚಿತ್ರಕಲಾವಿದರೊಬ್ಬರು ಮತ್ತು ಭಾರತೀಯ ಚಲನಚಿತ್ರರಂಗದ ಪ್ರಥಮ ಮಹಿಳೆ ಎಂದೇ ಹೆಸರಾದ ನಟಿ ದಶಕಗಳ ಕಾಲ ಸಂಸಾರ ನಡೆಸಿದರು. ಕಲಾವಿದರು ಸ್ವೆತೊಸ್ಲಾವ್ ರೋರಿಕ್. ನಟಿ ದೇವಿಕಾ ರಾಣಿ.

1908ರ ಮಾರ್ಚ್ 30ರಂದು ವಾಲ್ಟೇರಿನಲ್ಲಿ ಜನಿಸಿದ ದೇವಿಕಾ ಅವರ ತಂದೆ ಕರ್ನಲ್ ಮನ್ಮಥನಾಥ ಚೌಧುರಿ ಮದರಾಸು ಪ್ರಾಂತ್ಯದ ಸರ್ಜನ್ ಜನರಲ್ ಆಗಿದ್ದರು. ಕವಿ ರವೀಂದ್ರನಾಥ ಠಾಕೂರರ ಮನೆತನಕ್ಕೂ ನಂಟಿತ್ತು. ಬಾಲ್ಯದಲ್ಲೇ ಇಂಗ್ಲೆಂಡಿಗೆ ತೆರಳಿದ ಅವರು ಅಲ್ಲಿ ನಾಟಕ, ಸಂಗೀತ, ಜವಳಿ ವಿನ್ಯಾಸಗಳನ್ನು ಅಭ್ಯಸಿಸಿದರು. 1928ರಲ್ಲಿ ನಿರ್ಮಾಪಕ ಹಿಮಾಂಶು ರಾಯ್ ಅವರ ಪರಿಚಯವಾಯಿತು, ಮರುವರ್ಷವೇ ವಿವಾಹ. ಬಳಿಕ ಬರ್ಲಿನ್ನಿನ ಉಫಾ ಸ್ಟುಡಿಯೋದಲ್ಲಿ ತರಬೇತಿ ಪಡೆದರು.

1933ರಲ್ಲಿ ತೆರೆಕಂಡ 'ಕರ್ಮ' ಚಿತ್ರದಲ್ಲಿ ಪತಿಪತ್ನಿಯರೇ ನಾಯಕ ನಾಯಕಿ. ಲಂಡನ್ನಿನ ಪತ್ರಿಕೆಗಳು ಆಕೆಯ ಇಂಗ್ಲಿಷ್ ಉಚ್ಚಾರವನ್ನು ಮೆಚ್ಚಿದವು. ಈಗಲೂ ಆ ಚಿತ್ರದ ಹೆಸರೆತ್ತಿದರೆ ಅದರ ಚುಂಬನ ದೃಶ್ಯದ ಮಾತೇ ಮೊದಲು ಬರುತ್ತದೆ. ಆಕೆಯ ಮುಂದಿನ ದುಡಿಮೆಯನ್ನು ನೋಡಿದರೆ ಇದು ತೀರಾ ಅನ್ಯಾಯವೆನ್ನಬೇಕು.

1934ರಲ್ಲಿ ದಂಪತಿ ಮುಂಬಯಿಯ ಮಲಾಡಿನಲ್ಲಿ 'ಬಾಂಬೆ ಟಾಕೀಸ್' ಕಂಪೆನಿಯನ್ನು ಕಟ್ಟಿದರು. ನಿರ್ದೇಶಕ ಫ್ರಾಂಜ್ ಆಸ್ಟೆನ್ ಸೇರಿದಂತೆ ಜರ್ಮನ್ ತಂತ್ರಜ್ಞರು ಅಲ್ಲಿದ್ದರು. 'ಜೀವನ್ ನಯ್ಯಾ' ಚಿತ್ರೀಕರಣದ ವೇಳೆ ದೇವಿಕಾ ನಾಯಕನಟ ನಜ್ಮುಲ್ ಹಸನ್‌ರೊಂದಿಗೆ ಕಲ್ಕತ್ತೆಗೆ ಹೊರಟುಹೋದರು. ಶಶಧರ ಮುಖರ್ಜಿಯವರ ಸಂಧಾನದಿಂದ ಆಕೆ ಮರಳಿದರು. ನಾಯಕನಿಗೆ ಮಾತ್ರ ಮತ್ತೆ ಸ್ಥಾನ ಸಿಗಲಿಲ್ಲ. ಆ ಜಾಗಕ್ಕೆ ಸ್ಟುಡಿಯೋದ ಪ್ರಯೋಗಾಲಯದಲ್ಲಿ ಕೆಲಸಕ್ಕಿದ್ದ ಯುವಕನೊಬ್ಬನನ್ನು ನಿಲ್ಲಿಸಲಾಯಿತು. ಆತನೇ ಅಶೋಕ್ ಕುಮಾರ್. ಅದೇ 1936ರಲ್ಲಿ ಬಂದ 'ಅಛೂತ್ ಕನ್ಯಾ' ಈ ಜೋಡಿಯನ್ನು ದೇಶದ ಮನೆಮಾತಾಗಿಸಿತು. ಅಸ್ಪೃಶ್ಯ ಬಾಲೆ ಮತ್ತು ಬ್ರಾಹ್ಮಣ ಯುವಕನ ಪ್ರೀತಿಯ ಕಥೆಯನ್ನು ಆ ಕಾಲದಲ್ಲಿ ತೆರೆಗೆ ತರುವುದು ಸಣ್ಣ ಎದೆಗಾರಿಕೆಯಲ್ಲ.

1939ರಲ್ಲಿ ಯುದ್ಧ ಆರಂಭವಾಗುತ್ತಲೇ ಜರ್ಮನ್ನರು ಬಂಧನಕ್ಕೊಳಗಾದರು. 1940ರಲ್ಲಿ ಹಿಮಾಂಶು ರಾಯ್ ತೀರಿಕೊಂಡರು. ಮೂವತ್ತೆರಡರ ವಿಧವೆಯ ಹೆಗಲಿಗೆ ಇಡೀ ಸ್ಟುಡಿಯೋ ಬಿತ್ತು. ಆಕೆಯ ಆಡಳಿತದ ಕಾಲದಲ್ಲೇ 'ಕಿಸ್ಮತ್' (1943) ಬಂದು ಕಲ್ಕತ್ತೆಯ ಒಂದೇ ಚಿತ್ರಮಂದಿರದಲ್ಲಿ ಮೂರು ವರ್ಷಕ್ಕೂ ಮೀರಿ ಓಡಿತು. ಆದರೆ ಮುಖರ್ಜಿ, ಅಶೋಕ್ ಕುಮಾರ್ ಮೊದಲಾದವರು ಸಿಡಿದು ಹೋಗಿ 'ಫಿಲ್ಮಿಸ್ತಾನ್' ಸ್ಥಾಪಿಸಿದರು. ಹೊಸ ಮುಖಕ್ಕಾಗಿ ಅರಸುತ್ತಿದ್ದ ದೇವಿಕಾ, ಯೂಸುಫ್ ಖಾನ್ ಎಂಬ ತರುಣನನ್ನು ತಿಂಗಳಿಗೆ 1,250 ರೂಪಾಯಿ ಸಂಬಳಕ್ಕೆ ನೇಮಿಸಿ ದಿಲೀಪ್ ಕುಮಾರ್ ಎಂದು ಹೆಸರಿಟ್ಟು 'ಜ್ವಾರ್ ಭಾಟಾ' (1944) ಚಿತ್ರಕ್ಕೆ ನಾಯಕನನ್ನಾಗಿಸಿದರು.

1945ರಲ್ಲಿ ಚಿತ್ರರಂಗಕ್ಕೆ ಬೆನ್ನು ಹಾಕಿ, ಖ್ಯಾತ ಚಿತ್ರಕಾರ ನಿಕೊಲಾಯ್ ರೋರಿಕ್ ಅವರ ಪುತ್ರ ಸ್ವೆತೊಸ್ಲಾವರನ್ನು ವರಿಸಿದರು. ಆಗ ಆಕೆಗೆ ವಯಸ್ಸು 37. ಕುಲು ಕಣಿವೆಯಲ್ಲಿ ಕೆಲಕಾಲವಿದ್ದು, ಅನಂತರ ಬೆಂಗಳೂರಿಗೆ ಬಂದರು. ತಾತಗುಣಿಯಲ್ಲಿ ಬೆಳೆದದ್ದು ಲಿನಾಲೋ. ಅಡಿಕೆ, ರಬ್ಬರು, ಕರಿಮೆಣಸುಗಳನ್ನಷ್ಟೇ ಬಲ್ಲ ಸುಳ್ಯ, ಪುತ್ತೂರು ಕಡೆಯ ಕೃಷಿಕರಿಗೆ ಇದು ಅಪರಿಚಿತ ಹೆಸರು. ಇದರ ಕಾಯಿಯ ಸಿಪ್ಪೆಯಿಂದ ಭಟ್ಟಿ ಇಳಿಸಿದ ಎಣ್ಣೆ ಸುಗಂಧದ್ರವ್ಯಗಳಿಗೆ ಬೇಕು. ಪತಿ ಚಿತ್ರ ಬರೆದರು, ಪತ್ನಿಯನ್ನೂ ಹಲವು ಬಾರಿ ಬರೆದರು. ರೋರಿಕ್‌ರ ಕೃತಿಗಳನ್ನು ಬೆಂಗಳೂರಿನ ಕರ್ನಾಟಕ ಚಿತ್ರಕಲಾ ಪರಿಷತ್ತಿನಲ್ಲಿ ಕಾಣಬಹುದು.

1958ರಲ್ಲಿ ಪದ್ಮಶ್ರೀ ಬಂತು. 1969ನೇ ಸಾಲಿನಲ್ಲಿ ದಾದಾಸಾಹೇಬ್ ಫಾಲ್ಕೆ ಪ್ರಶಸ್ತಿ ಸ್ಥಾಪನೆಯಾದಾಗ ಅದರ ಮೊದಲ ಗೌರವವೂ ಆಕೆಗೇ ಸಂದಿತು. ಆದರೆ ಮತ್ತೆ ಬಣ್ಣ ಹಚ್ಚಲಿಲ್ಲ.

ದಂಪತಿಗೆ ಮಕ್ಕಳಿರಲಿಲ್ಲ. ಇಳಿವಯಸ್ಸಿನಲ್ಲಿ ತೋಟದ ಮೇಲೆ ಹಲವರ ಕಣ್ಣು ಬಿತ್ತು. 1993ರ ಜನವರಿಯಲ್ಲಿ ಸ್ವೆತೊಸ್ಲಾವ್, 1994ರ ಮಾರ್ಚ್ 9ರಂದು ದೇವಿಕಾ ರಾಣಿ ನಿಧನರಾದರು. ಒಡೆತನದ ವ್ಯಾಜ್ಯ ನ್ಯಾಯಾಲಯದ ಮೆಟ್ಟಿಲೇರಿತು. ಎಸ್ಟೇಟನ್ನು ವಶಕ್ಕೆ ಪಡೆಯಲು ರಾಜ್ಯ ಸರಕಾರ 1996ರಲ್ಲಿ ಪ್ರತ್ಯೇಕ ಕಾಯಿದೆಯನ್ನೇ ಮಾಡಬೇಕಾಯಿತು. ಅದನ್ನು ಸುಪ್ರೀಂ ಕೋರ್ಟು ಎತ್ತಿಹಿಡಿದದ್ದು 2011ರ ಆಗಸ್ಟಿನಲ್ಲಿ, ತೋಟದೊಡತಿ ಕಣ್ಮುಚ್ಚಿ ಹದಿನೇಳು ವರ್ಷಗಳಾದ ಮೇಲೆ.